ಕುಕ್ಕರ್ ಮೇಲೆ ಬರೆದ ವರ್ಷ

ನೀಲಗಿರಿ ಎಣ್ಣೆಯ ವಾಸನೆ ನಿಮಗೆ ಏನನ್ನು ನೆನಪಿಗೆ ತರುತ್ತದೋ ನನಗೆ ಗೊತ್ತಿಲ್ಲ. ನೆಗಡಿಯನ್ನೋ, ಅಜ್ಜಿಯ ಕಂಬಳಿಯನ್ನೋ, ಊಟಿಯ ಬಸ್ ಸ್ಟ್ಯಾಂಡಿನಲ್ಲಿ ಚೌಕಾಸಿ ಮಾಡಿ ಕೊಂಡು ಆಮೇಲೆ ಮನೆಯಲ್ಲಿ ಮರೆತುಹೋದ ಪುಟ್ಟ ಬಾಟಲಿಯನ್ನೋ ತರಬಹುದು. ನನಗೆ ಮಾತ್ರ ಕಾಲುಗಳು ನೆನಪಾಗುತ್ತವೆ. ಕೆಸರು ಮೆತ್ತಿದ, ಚಳಿಗೆ ಕೆಂಪಾದ, ಅಲ್ಲಲ್ಲಿ ತರಚಿದ ಗಂಡುಹುಡುಗರ ಕಾಲುಗಳು. ಮಡಿ ಮೈಲಿಗೆಯ ಮನೆಯಲ್ಲಿ ಬೆಳೆದ ಹೆಂಗಸು ಹೀಗೆಲ್ಲ ಬರೆಯಬಹುದೇ ಎಂದು ನಿಮಗೆ ಅನ್ನಿಸಿದರೆ ಅನ್ನಿಸಲಿ. ಅನ್ನುವವರ ಮಾತನ್ನು ಕಿವಿಗೆ ಹಾಕಿಕೊಂಡಿದ್ದರೆ ನನಗೆ ಇವತ್ತು ಬರೆಯಲು ವಿಷಯವೇ ಇರುತ್ತಿರಲಿಲ್ಲ.

ಬೆಳಿಗ್ಗೆ ನಮ್ಮವರು ಅಡುಗೆಮನೆಯ ಸ್ಟೂಲಿನ ಮೇಲೆ ಕಾಲು ಚಾಚಿ ಮಂಡಿಗೆ ಆ ಎಣ್ಣೆ ತಿಕ್ಕಿಕೊಳ್ಳುತ್ತಿದ್ದರು. ಅಷ್ಟರಲ್ಲಿ ಫೋನ್ ಬಂತು. ಸಿಡ್ನಿಯಿಂದ ಮಿನ್. ನನ್ನ ಹಳೆಯ ವಿದ್ಯಾರ್ಥಿ, ಈಗ ಸೈನ್ಯದಲ್ಲಿ ಕರ್ನಲ್. ನಾನು ಒಂದು ಕಾಲದಲ್ಲಿ ಗಣಿತ ಕಲಿಸುತ್ತಿದ್ದ ಮಿಲಿಟರಿ ಕಾಲೇಜನ್ನು ಈ ವರ್ಷ ಮುಚ್ಚುತ್ತಿದ್ದಾರಂತೆ. ಅದರ ಉದ್ದನೆಯ ಕಾರಿಡಾರಿನಲ್ಲಿ ಪ್ರತಿವರ್ಷದ ಪ್ರತಿಯೊಂದು ಆಟದ ತಂಡದ ಫೋಟೊ ಇದ್ದವು. ಅವನ್ನೆಲ್ಲ ಬೇರೊಂದು ಹಾಲ್‌ನಲ್ಲಿ ಶಾಶ್ವತವಾಗಿ ತೂಗುಹಾಕಿ, ಬರುವ ಶನಿವಾರ ಹಳೆಯ ವಿದ್ಯಾರ್ಥಿಗಳನ್ನು ಕರೆದು ಊಟ ಹಾಕುತ್ತಾರಂತೆ. ಮಿನ್ ಮೊದಲೇ ಹೋಗಿ ನೋಡಿ ಬಂದಿದ್ದ. ನಮ್ಮ ವರ್ಷದ ರಗ್ಬಿ ಇದೆ, ಹಾಕಿ ಇದೆ, ದೋಣಿ ಹುಟ್ಟು ಹಾಕುವವರೂ ಇದ್ದಾರೆ. ಸಾಕರ್ ಇಲ್ಲ. ಮುಂದಿನ ವರ್ಷದಿಂದ ಸಾಕರ್ ಸಾಲುಸಾಲಾಗಿ ಇದೆ. ಅವನು ಆಫೀಸಿನಲ್ಲಿ ಕೇಳಿದಾಗ ಅಲ್ಲಿದ್ದವರು ಬಹಳ ಮರ್ಯಾದೆಯಿಂದ, ಫೋಟೊ ಇಲ್ಲ ಎಂದರೆ ಆ ವರ್ಷ ತಂಡ ಇರಲಿಲ್ಲ ಎಂದರ್ಥ, ಎಂದರಂತೆ.

"ನಾವು ಇರಲಿಲ್ಲವಂತೆ, ಮ್ಯಾಮ್," ಎಂದ ಮಿನ್. ಅವನು ಇಂಗ್ಲಿಷಿನಲ್ಲಿ ಹೇಳಿದ್ದನ್ನು ನಾನು ಕನ್ನಡದಲ್ಲಿ ಹೇಳುತ್ತಿದ್ದೇನೆ. ಯಾವ ಭಾಷೆಯಲ್ಲಿ ಹೇಳಿದರೂ ನನಗೆ ಮೈಯೆಲ್ಲ ಉರಿದುಹೋಯಿತು. ಫೋನ್ ಇಟ್ಟು ಹಾಲ್‌ಗೆ ಬಂದು ನಮ್ಮ ಸೋಫಾದ ಮೇಲಿರುವ ಫೋಟೊವನ್ನು ನೋಡುತ್ತ ನಿಂತೆ. ಮೆಲ್ಬರ್ನಿನ ಈ ಬಾಕ್ಸ್ ಹಿಲ್‌ನಲ್ಲಿ ನಮಗೆ ಗೊತ್ತಿರುವ ಮನೆಗಳಲ್ಲಿ ಆ ಜಾಗದಲ್ಲಿ ಮೈಸೂರು ಅರಮನೆಯೋ ಗೀತೋಪದೇಶವೋ ಇರುತ್ತದೆ. ನಮ್ಮ ಮನೆಯಲ್ಲಿ ಕೆಸರು ಮೆತ್ತಿದ ಎಂಟು ಹುಡುಗರು, ನಡುವೆ ಸೀರೆಯ ಮೇಲೆ ಕೋಟು ಹಾಕಿಕೊಂಡ ನಾನು, ನನ್ನ ಮುಂದೆ ಒಂದು ಪ್ರೆಷರ್ ಕುಕ್ಕರ್. ಬಂದವರೆಲ್ಲ ಯಾರ ಮಕ್ಕಳು ಇವರು ಎನ್ನುತ್ತಾರೆ. ಹೇಳಿದ ಮೇಲೆ, ಗೆದ್ದಿರಾ ಎನ್ನುತ್ತಾರೆ. ಸೋತೆವು ಎಂದರೆ ಪಾಪ ಎಂದು ಕಾಫಿಯ ಕಡೆ ತಿರುಗುತ್ತಾರೆ. ಇಷ್ಟು ವರ್ಷ ನಾನೂ ಅದನ್ನು ತಮಾಷೆ ಮಾಡಿಕೊಂಡೇ ಬಂದೆ.

ಇನ್ನು ತಮಾಷೆ ಸಾಕು. ನಿಮಗೆ ಮೊದಲಿನಿಂದ ಹೇಳುತ್ತೇನೆ, ಸ್ವಲ್ಪ ಕೂತುಕೊಳ್ಳಿ.

ಎಂಬತ್ತರ ದಶಕದ ಕೊನೆಯ ಮಾತು. ನಾವು ಆಗ ಸಿಡ್ನಿಯ ಪ್ಯಾರಮಟ್ಟಾದಲ್ಲಿ ಬಾಡಿಗೆಯ ಫ್ಲ್ಯಾಟ್‌ನಲ್ಲಿದ್ದೆವು. ನಮ್ಮವರ ಆಫೀಸು ಮನೆಯಿಂದ ನಡೆದು ಹೋಗುವಷ್ಟು ಹತ್ತಿರ. ಮೈಸೂರಿನಲ್ಲಿ ಗಣಿತ ಓದಿ, ಅಲ್ಲೇ ಹೆಣ್ಣುಮಕ್ಕಳ ಕಾಲೇಜಿನಲ್ಲಿ ಕಲಿಸಿಕೊಂಡಿದ್ದ ನನಗೆ ಈ ದೇಶದಲ್ಲಿ ಸಿಕ್ಕ ಮೊದಲ ಮೇಷ್ಟ್ರ ಕೆಲಸ ಊರಂಚಿನ ಸ್ಕೋಫೀಲ್ಡ್ಸ್‌ನಿಂದಾಚೆ ಇದ್ದ ಆ ಕಾಲೇಜಿನದು. ಸೈನ್ಯಕ್ಕೆ ಎಂಜಿನಿಯರ್ ಅಧಿಕಾರಿಗಳಾಗುವ ಹುಡುಗರು ಅಲ್ಲೇ ಇದ್ದು ಓದುತ್ತಿದ್ದರು. ಈಗ ಆ ಕಡೆ ಸೈಟು, ಮನೆ, ಮಾರ್ಟ್‌ಗೇಜ್ ಎಂದು ಜನ ಮಾತಾಡುವುದನ್ನು ಕೇಳಿದರೆ ನಗು ಬರುತ್ತದೆ. ಆಗ ಟ್ರೇನಿನಿಂದ ಇಳಿದರೆ ತಂತಿಬೇಲಿ, ಹುಲ್ಲು, ನನ್ನನ್ನೇ ದಿಟ್ಟಿಸುವ ಹಸುಗಳು. ಸೀರೆಯನ್ನು ಕಂಡು ಆಶ್ಚರ್ಯಪಡದೆ ಇದ್ದವು ಆ ಭಾಗದಲ್ಲಿ ಅವು ಮಾತ್ರ.

ವಿಯೆಟ್ನಾಂ ಯುದ್ಧ ಮುಗಿದು ಹತ್ತು ಹದಿನೈದು ವರ್ಷವಾಗಿತ್ತು. ಕಾಲೇಜಿನ ಹಿರಿಯ ಅಧಿಕಾರಿಗಳಲ್ಲಿ ಹಲವರು ಅಲ್ಲಿ ಹೋರಾಡಿ ಬಂದವರು. ಅದರ ಬಗ್ಗೆ ಯಾರೂ ಬಾಯಿಬಿಡುತ್ತಿರಲಿಲ್ಲ. ಊಟದ ಹಾಲ್‌ನ ಗೋಡೆಯ ಮೇಲೆ ಸತ್ತವರ ಹೆಸರುಗಳಿದ್ದವು. ಅದರ ಕೆಳಗೆ ಎಲ್ಲರೂ ಸೂಪು ಕುಡಿಯುತ್ತಿದ್ದರು. ಅದೇ ಹಾಲ್‌ನಲ್ಲಿ ಮಿನ್ ಕೂಡ ಕೂತು ಊಟ ಮಾಡುತ್ತಿದ್ದ. ಅವನು ಚಿಕ್ಕವನಿದ್ದಾಗ ಆ ದೇಶದಿಂದ ದೋಣಿಯಲ್ಲಿ ಬಂದವನು. ಈ ದೇಶದ ಸೈನ್ಯ ಸೇರುತ್ತೇನೆ ಎಂದು ಪಟ್ಟು ಹಿಡಿದು, ಪರೀಕ್ಷೆ ಬರೆದು, ಬೇರೆಲ್ಲರಿಗಿಂತ ಚೆನ್ನಾಗಿ ಪಾಸು ಮಾಡಿ ಒಳಗೆ ಬಂದಿದ್ದ. ಹಾಗಿದ್ದರೂ ಅವನ ಎದುರು ಕುರ್ಚಿ ಅನೇಕ ಸಲ ಖಾಲಿ ಇರುತ್ತಿತ್ತು.

ಆ ಕಾಲೇಜಿನಲ್ಲಿ ಒಂದು ಪದ್ಧತಿ. ಮೇಷ್ಟ್ರುಗಳೂ ತಲಾ ಒಂದು ಆಟದ ಜವಾಬ್ದಾರಿ ಹೊರಬೇಕು. ಚಳಿಗಾಲದ ಆಟಗಳನ್ನು ಹಂಚುವ ಮೀಟಿಂಗಿನಲ್ಲಿ ರಗ್ಬಿಗೆ ನೂಕುನುಗ್ಗಲು. ಸಿಡ್ನಿಯವರಿಗೆ ಫುಟ್‌ಬಾಲ್ ಎಂದರೆ ಅದೇ, ಮೊಟ್ಟೆಯಾಕಾರದ ಚೆಂಡನ್ನು ತಬ್ಬಿಕೊಂಡು ಒಬ್ಬರ ಮೇಲೊಬ್ಬರು ಬೀಳುವುದು. ಮೆಲ್ಬರ್ನಿನವರಿಗೆ ಅವರದೇ ಇನ್ನೊಂದು. ನಾವು ನೀವು ಫುಟ್‌ಬಾಲ್ ಎನ್ನುವುದನ್ನು ಇವರು ಸಾಕರ್ ಎಂದು ಮೂಗು ಮುರಿದು ಹೇಳುತ್ತಾರೆ. ವಲಸೆ ಬಂದ ಗ್ರೀಕರು, ಇಟಲಿಯವರು ಆಡುವ ಆಟ ಎಂದು. ಕೊನೆಗೆ ಯಾರಿಗೂ ಬೇಡವಾಗಿ ಉಳಿದದ್ದು ಸಾಕರ್, ಯಾವುದೂ ಸಿಗದೆ ಉಳಿದವಳು ನಾನು. ಶಿಸ್ತಿನ ಉಸ್ತುವಾರಿಯ ಮೇಜರ್ ಕಾರ್ಟರ್ ಇಬ್ಬರನ್ನೂ ಜೋಡಿಸಿದ. ಎಲ್ಲರೂ ನಕ್ಕರು. ಸೀರೆ ಉಟ್ಟುಕೊಂಡೇ ಆಡಿಸುತ್ತೀರಾ ಎಂದು ಒಬ್ಬ ಕೇಳಿದ. ಹೌದು, ಉಟ್ಟುಕೊಂಡೇ, ಎಂದೆ. ಆಮೇಲೆ ಅದೇ ಮಾತಿಗೆ ಕಟ್ಟುಬಿದ್ದು ಇಡೀ ಚಳಿಗಾಲ ಸೀರೆಯ ಕೆಳಗೆ ಉಣ್ಣೆಯ ಕಾಲುಚೀಲ, ಕ್ಯಾನ್ವಾಸ್ ಶೂ ಹಾಕಿಕೊಂಡು ನಡುಗಿದ್ದೇನೆ. ಹಠಕ್ಕೆ ಬಿದ್ದವರಿಗೆ ಥಂಡಿ ಕಡಿಮೆಯೇನೂ ಆಗುವುದಿಲ್ಲ.

ಕಾಲೇಜಿನ ಮುಖ್ಯಸ್ಥರು ಕಮಾಂಡೆಂಟ್, ಬಿಳಿ ಮೀಸೆಯ ಶಾಂತ ಮನುಷ್ಯ. ಅವರು ನನ್ನನ್ನು ಕರೆದು ನೇರವಾಗಿ ವಿಷಯ ಹೇಳಿದರು. ಸಾಕರ್ ತಂಡ ವರ್ಷವರ್ಷವೂ ಅರ್ಧಕ್ಕೇ ಕೈಬಿಡುತ್ತದೆ, ಜನ ಸಾಲದೆ ಪಂದ್ಯ ಬಿಟ್ಟುಕೊಡುತ್ತದೆ. ಈ ಸೀಸನ್‌ನಲ್ಲಿ ಒಂದೇ ಒಂದು ಪಂದ್ಯ ಬಿಟ್ಟುಕೊಟ್ಟರೂ ತಂಡವನ್ನು ಶಾಶ್ವತವಾಗಿ ರದ್ದು ಮಾಡುತ್ತೇನೆ, ಹುಡುಗರು ರಗ್ಬಿಗೆ ಹೋಗಲಿ. ಸೋಲುವುದಕ್ಕೆ ನನ್ನ ಆಕ್ಷೇಪಣೆ ಇಲ್ಲ, ಬಾರದಿರುವುದಕ್ಕಿದೆ. ಇಷ್ಟೇ ಷರತ್ತು. ನ್ಯಾಯವಾದ ಷರತ್ತೇ.

ನನಗೆ ಆ ಆಟದ ಬಗ್ಗೆ ಏನು ಗೊತ್ತಿತ್ತು ಎನ್ನುತ್ತೀರಿ? ಬೆಂಗಳೂರಿನ ಹಲಸೂರಿನಲ್ಲಿ ಸೋದರಮಾವನ ಮನೆಗೆ ರಜಕ್ಕೆ ಹೋದಾಗ ಅಣ್ಣಂದಿರು ಬರಿಗಾಲಲ್ಲಿ ಆಡುತ್ತಿದ್ದರು, ನಾನು ಅವರ ಚಪ್ಪಲಿ ಕಾಯುತ್ತಿದ್ದೆ. ಅಷ್ಟೇ ನನ್ನ ಕ್ರೀಡಾಜೀವನ. ಲೈಬ್ರರಿಯಿಂದ ಪುಸ್ತಕ ತಂದು ಆಫ್‌ಸೈಡ್ ನಿಯಮವನ್ನು ರೇಖಾಗಣಿತದ ಹಾಗೆ ಓದಿ, ಬೋರ್ಡಿನ ಮೇಲೆ ಗೆರೆ ಎಳೆದು ಹುಡುಗರಿಗೆ ವಿವರಿಸಿದೆ. ಅವರಿಗೆ ಅದು ಹುಟ್ಟಿದಾಗಿನಿಂದ ಗೊತ್ತಿತ್ತು. ಪಾಪ, ಬಾಯಿ ಮುಚ್ಚಿಕೊಂಡು ಕೇಳಿದರು. ಮನೆಯಲ್ಲಿ ನಮ್ಮವರು, "ಅಲ್ವೇ, ಲೆಕ್ಕ ಹೇಳ್ಕೊಟ್ಟು ಮನೆಗೆ ಬರೋದು ಬಿಟ್ಟು ನಿನಗ್ಯಾಕೆ ಈ ಉಸಾಬರಿ?" ಎಂದರು. ಆ ವರ್ಷ ಅವರು ಈ ಮಾತನ್ನು ಎಷ್ಟು ಸಲ ಹೇಳಿದರೆಂದರೆ ನನಗೆ ಅದು ಬೆಳಗಿನ ಸುಪ್ರಭಾತವಾಗಿಬಿಟ್ಟಿತ್ತು.

ತಂಡದಲ್ಲಿ ಹದಿನಾಲ್ಕು ಜನ. ರಗ್ಬಿಗೆ ಸಣ್ಣಗಾದವರು, ಹೆಸರು ಉಚ್ಚರಿಸಲು ಕಷ್ಟವಾದವರು, ಮನೆಯಲ್ಲಿ ಬೇರೆ ಭಾಷೆಯಾಡುವವರು. ಮಿನ್ ಕ್ಯಾಪ್ಟನ್. ಗೋಲಿನಲ್ಲಿ ಸ್ಟಾವ್ರೊ ಎಂಬ ಗ್ರೀಕರ ಹುಡುಗ, ಬಾಗಿಲಿಗೆ ಬಾಗಿಲೇ ನಿಂತ ಹಾಗೆ ನಿಲ್ಲುತ್ತಿದ್ದ. ತರಗತಿಯಲ್ಲಿ ತುಟಿ ಬಿಚ್ಚದ ಮಿನ್ ಮೈದಾನಕ್ಕಿಳಿದರೆ ಎಲ್ಲರನ್ನೂ ಗದರಿಸುತ್ತಿದ್ದ. ಒಂದು ದಿನ ನನ್ನ ಹತ್ತಿರ ಗೋಲ್‌ಪೋಸ್ಟಿನ ಬಲೆ ಕಟ್ಟುತ್ತ ಅವನು ಹೇಳಿದ್ದ: ಈ ಗೆರೆಗಳ ಒಳಗೆ ನಾನು ಎಲ್ಲಿಂದ ಬಂದವನು ಎಂದು ಯಾರೂ ಕೇಳುವುದಿಲ್ಲ, ಚೆಂಡು ಕೊಡು ಎಂದಷ್ಟೇ ಕೇಳುತ್ತಾರೆ. ಅವತ್ತಿನಿಂದ ಆ ತಂಡ ನನಗೆ ಉಸಾಬರಿಯಾಗಿ ಉಳಿಯಲಿಲ್ಲ.

ಮೊದಲ ಪಂದ್ಯ ನಮ್ಮ ಮೈದಾನದಲ್ಲೇ. ಎದುರಾಳಿಗಳು ಸಿಡ್ನಿಯ ಒಂದು ಇಟಾಲಿಯನ್ ಕ್ಲಬ್ಬಿನವರು, ಗಟ್ಟಿಮುಟ್ಟಾದ ಮೇಸ್ತ್ರಿಗಳು, ಬಡಗಿಗಳು. ದಾರಿ ತಪ್ಪೀತೆಂದು ಒಂದು ಗಂಟೆ ಮೊದಲೇ ಬಂದಿದ್ದರು. ದೂರದಿಂದ ಬಂದವರು, ಮಧ್ಯಾಹ್ನದ ಹೊತ್ತು. ನಮ್ಮ ಕಡೆ ಹಾಗೆ ಬಂದವರನ್ನು ಏನು ಮಾಡುತ್ತೇವೆ? ಊಟ ಹಾಕುತ್ತೇವೆ. ಆಟದ ದಿನ ಮೇಡಂ ತಿಂಡಿ ತರಬೇಕು ಎಂದು ಯಾರೋ ಹೇಳಿದ್ದರಿಂದ ನಾನು ಕುಕ್ಕರಿನಲ್ಲೂ ಎರಡು ದೊಡ್ಡ ಡಬ್ಬಿಗಳಲ್ಲೂ ಬಿಸಿಬೇಳೆಬಾತ್ ತುಂಬಿಸಿಕೊಂಡು ಹೋಗಿದ್ದೆ. ತುಪ್ಪ ಹಾಕಿ ಅವರಿಗೆ ಬಡಿಸಿದೆ. ಸಾಕೆಂದರೂ ಬಿಡದೆ ಬಡಿಸಿದೆ. ಬೂಂದಿಯನ್ನೂ ಉದುರಿಸಿದೆ. ನಮ್ಮ ಹುಡುಗರು ಆತಿಥೇಯರು, ಅವರಿಗೆ ಆಮೇಲೆ ಎಂದು ಸುಮ್ಮನೆ ನಿಲ್ಲಿಸಿದ್ದೆ.

ಆಟ ಶುರುವಾಯಿತು. ಮೊದಲ ಹತ್ತು ನಿಮಿಷ ಇಟಲಿಯವರು ಓಡಿದರು. ಆಮೇಲೆ ನಡೆದರು. ಆಮೇಲೆ ಅವರ ರಕ್ಷಣೆಯ ದೈತ್ಯ ಒಬ್ಬ ಗೋಲಿನ ಕಂಬಕ್ಕೆ ಒರಗಿ, ಕಣ್ಣು ಅರ್ಧ ಮುಚ್ಚಿ, ಮದುವೆಮನೆಯ ಊಟ ಮುಗಿಸಿದ ಬೀಗರ ಹಾಗೆ ನಿಂತುಬಿಟ್ಟ. ನಾವು ಗೆದ್ದೆವು. ಕಾಲೇಜಿನ ಸಾಕರ್ ತಂಡ ಯಾವಾಗ ಕೊನೆಯ ಸಲ ಗೆದ್ದಿತ್ತೋ ಯಾರಿಗೂ ನೆನಪಿರಲಿಲ್ಲ. ಹುಡುಗರು ನನ್ನನ್ನು ಎತ್ತಿಕೊಳ್ಳಲು ಬಂದರು, ಸೀರೆ ನೋಡಿ ಹಿಂಜರಿದು ಕುಕ್ಕರನ್ನು ಎತ್ತಿಕೊಂಡು ಮೈದಾನ ಸುತ್ತಿದರು. ಆಟಕ್ಕೆ ಮುಂಚೆ ಯಾರೂ ಊಟ ಹಾಕುವುದಿಲ್ಲ, ಮಧ್ಯೆ ಕಿತ್ತಳೆ ತೊಳೆ ಕೊಡುತ್ತಾರೆ ಅಷ್ಟೇ ಎಂದು ನನಗೆ ಆಮೇಲೆ ತಿಳಿಯಿತು.

ಸೋಮವಾರ ಮೇಜರ್ ಕಾರ್ಟರ್ ಕರೆದ. ಊಟದಲ್ಲಿ ಏನು ಹಾಕಿದ್ದಿರಿ ಎಂದು ವಿಚಾರಣೆ. ತೊಗರಿಬೇಳೆ, ಅಕ್ಕಿ, ತರಕಾರಿ, ಚಕ್ಕೆ, ಲವಂಗ, ಮರಾಠಿ ಮೊಗ್ಗು ಎಂದು ಒಂದೊಂದಾಗಿ ಹೇಳಿದೆ. ಅವನು ನನ್ನ ಮುಖವನ್ನೇ ನೋಡಿದ. ಇದು ತಂತ್ರವೋ ಪೆದ್ದುತನವೋ ಎಂದು ಅವನಿಗೆ ತಿಳಿಯಲಿಲ್ಲ. ಪೆದ್ದುತನವೇ. ಆದರೆ ಅದನ್ನು ಅವನಿಗೇಕೆ ಹೇಳಲಿ?

ಅವನು ಕೆಟ್ಟವನಾಗಿದ್ದನೇ ಎಂದರೆ ಹಾಗೂ ಹೇಳಲಾರೆ. ಯುದ್ಧದಲ್ಲಿ ಒಂದು ಕಾಲಿಗೆ ಪೆಟ್ಟಾಗಿ ಸ್ವಲ್ಪ ಕುಂಟುತ್ತಿದ್ದ. ಅವನ ಪ್ರಕಾರ ರಗ್ಬಿ ಸೈನಿಕರನ್ನು ತಯಾರು ಮಾಡುತ್ತದೆ, ಸಾಕರ್ ಹುಡುಗರ ಹೊತ್ತು ಹಾಳು ಮಾಡುತ್ತದೆ. ಮಿನ್‌ನನ್ನು ಅವನು ಬೈದದ್ದನ್ನು ನಾನು ಕೇಳಿಲ್ಲ. ಆದರೆ ಮೇಜರ್ ಆ ಹುಡುಗನ ಮುಖವನ್ನು ಮಾತ್ರ ನೋಡುತ್ತಿರಲಿಲ್ಲ. ಮಾತಾಡುವಾಗ ಅವನ ಟೊಪ್ಪಿಗೆಯನ್ನು ನೋಡುತ್ತಿದ್ದ. ಬೈಗುಳಕ್ಕಾದರೆ ನಾನು ಜಗಳವಾಡುತ್ತಿದ್ದೆ. ಇದಕ್ಕೆ ಏನು ಮಾಡಬೇಕೋ ನನಗೆ ಗೊತ್ತಾಗಲಿಲ್ಲ.

ಶಿಸ್ತಿನ ತಪ್ಪಿಗೆ ಅಲ್ಲಿ ಒಂದು ಶಿಕ್ಷೆ ಇತ್ತು. ಶೂ ಹೊಳೆಯದಿದ್ದರೆ, ಹಾಸಿಗೆಯ ಮಡಿಕೆ ಸೊಟ್ಟಗಾದರೆ ಆ ವಾರಾಂತ್ಯ ಗೇಟು ದಾಟುವಂತಿಲ್ಲ. ನಾನು ಅದಕ್ಕೆ ಗೇಟ್ ಬಂದ್ ಎಂದು ಹೆಸರಿಟ್ಟಿದ್ದೆ. ನಮ್ಮ ಪಂದ್ಯಗಳಲ್ಲಿ ಅರ್ಧ ಹೊರಗಿನವು. ಪ್ರತಿ ಗುರುವಾರದ ತಪಾಸಣೆಯಾದ ಮೇಲೆ ನಮ್ಮವರಲ್ಲಿ ನಾಲ್ಕೈದು ಜನಕ್ಕೆ, ಒಮ್ಮೊಮ್ಮೆ ಏಳೆಂಟು ಜನಕ್ಕೆ ಗೇಟ್ ಬಂದ್. ಬೇಕೆಂದೇ ಮಾಡಿದರೋ ನಿಜವಾಗಿ ಶೂ ಹೊಳೆಯುತ್ತಿರಲಿಲ್ಲವೋ, ನನಗೆ ಇವತ್ತಿಗೂ ಗೊತ್ತಿಲ್ಲ. ಸಾಕರ್‌ನಲ್ಲಿ ಒಂದು ತಂಡಕ್ಕೆ ಏಳು ಜನರಾದರೂ ಮೈದಾನದಲ್ಲಿರಬೇಕು. ಅದಕ್ಕಿಂತ ಕಡಿಮೆಯಾದರೆ ಆಟ ನಿಂತಂತೆ, ಪಂದ್ಯ ಬಿಟ್ಟುಕೊಟ್ಟಂತೆ. ಕಮಾಂಡೆಂಟರ ಷರತ್ತು ಕತ್ತಿಯ ಹಾಗೆ ತಲೆಯ ಮೇಲಿತ್ತು.

ಆಗ ನನ್ನ ಗಣಿತದ ಬುದ್ಧಿ ಕೆಲಸಕ್ಕೆ ಬಂತು. ಶಿಕ್ಷೆಯ ನಿಯಮವನ್ನು ಪ್ರಮೇಯದ ಹಾಗೆ ಬಿಡಿಸಿ ಓದಿದೆ. ಗೇಟು ದಾಟಬಾರದು ಎಂದಿತ್ತು, ಆಟವಾಡಬಾರದು ಎಂದಿರಲಿಲ್ಲ. ಮೈದಾನ ಗೇಟಿನ ಒಳಗಿತ್ತು. ನಾವು ಅವರಲ್ಲಿಗೆ ಹೋಗುವ ಬದಲು ಅವರೇ ನಮ್ಮಲ್ಲಿಗೆ ಬಂದರೆ? ಒಂದೊಂದು ಕ್ಲಬ್ಬಿಗೂ ಫೋನ್ ಮಾಡಿದೆ. ಸ್ಕೋಫೀಲ್ಡ್ಸ್ ಎಂದರೆ ಕಾಡಿಗೆ ಕರೆದ ಹಾಗೆ ಮೊದಲು ರಾಗ ಎಳೆದರು. ಊಟ ಇದೆ ಎಂದೆ. ಇಟಲಿಯವರು ಅಷ್ಟರಲ್ಲಿ ಊರೆಲ್ಲ ಸುದ್ದಿ ಹಬ್ಬಿಸಿದ್ದರು. ಊಟ ಆಟಕ್ಕೆ ಮೊದಲೋ ಆಮೇಲೋ ಎಂದು ಒಬ್ಬ ಗ್ರೀಕ್ ಮುದುಕ ಫೋನಿನಲ್ಲೇ ಖಚಿತಪಡಿಸಿಕೊಂಡ. ಆಮೇಲೆ ಎಂದು ಮಾತು ಕೊಟ್ಟೆ. ಹೀಗೆ ಒಬ್ಬೊಬ್ಬರಾಗಿ ಒಪ್ಪಿದರು.

ಆ ಚಳಿಗಾಲ ನಮ್ಮ ಪ್ಯಾರಮಟ್ಟಾದ ಫ್ಲ್ಯಾಟ್ ಶುಕ್ರವಾರ ಬಂತೆಂದರೆ ಸಮಾರಾಧನೆಯ ಮನೆ. ಚಿತ್ರಾನ್ನ, ಪುಳಿಯೋಗರೆ, ಕೇಸರಿಬಾತ್. ಇಂಗು ಎಲ್ಲಿ ಸಿಗುತ್ತದೆ ಎಂದು ಸಿಡ್ನಿಯೆಲ್ಲ ಅಲೆದಿದ್ದೇನೆ. ನಮ್ಮವರು ಗೊಣಗುತ್ತ ತೆಂಗಿನಕಾಯಿ ತುರಿಯುತ್ತಿದ್ದರು. ಮೇಲಿನ ಮನೆಯಾಕೆ ಒಗ್ಗರಣೆಯ ಘಾಟಿಗೆ ಸೀನುತ್ತ ಬಂದು ದೂರು ಕೊಡುತ್ತಿದ್ದಳು, ಹೋಗುವಾಗ ತಟ್ಟೆಯಲ್ಲಿ ತೆಗೆದುಕೊಂಡು ಹೋಗುತ್ತಿದ್ದಳು. ಶನಿವಾರ ಗೇಟಿನೊಳಗೆ ಗೇಟ್ ಬಂದ್ ಆದ ಹುಡುಗರೆಲ್ಲ ಎದೆ ಸೆಟೆಸಿ ಆಡುತ್ತಿದ್ದರು. ಮೇಜರ್ ದೂರದಲ್ಲಿ ಕೈಕಟ್ಟಿ ನಿಂತು ನೋಡುತ್ತಿದ್ದ. ನಾವು ಹೆಚ್ಚಿನ ಪಂದ್ಯಗಳನ್ನು ಸೋತೆವು ಅನ್ನಿ. ಆದರೆ ಒಂದನ್ನೂ ಬಿಟ್ಟುಕೊಡಲಿಲ್ಲ.

ಕೊನೆಯ ಪಂದ್ಯ ಉಳಿಯಿತು. ಮೆಲ್ಬರ್ನಿನ ಒಂದು ಕಾಲೇಜಿನ ಜೊತೆ, ಮೆಲ್ಬರ್ನಿನಲ್ಲೇ. "ಅವರು ನಿಮ್ಮ ಊಟಕ್ಕೆ ಇಷ್ಟು ದೂರ ಬರುವುದಿಲ್ಲ, ಮ್ಯಾಡಂ," ಎಂದ ಮೇಜರ್. ಬರಲಿಲ್ಲ ನಿಜ.

ಆ ವಾರ ನಮ್ಮ ಹುಡುಗರು ಒಂದು ಕೆಲಸ ಮಾಡಿದರು. ನೆನೆದರೆ ಈಗಲೂ ಹಣೆ ಚಚ್ಚಿಕೊಳ್ಳಬೇಕೆನಿಸುತ್ತದೆ, ತಬ್ಬಿಕೊಳ್ಳಬೇಕೆಂದೂ ಅನ್ನಿಸುತ್ತದೆ. ಬೇರೆ ಊರಿಗೆ ಹೋಗುತ್ತಿದ್ದೇವೆ, ಕಾಲೇಜಿನ ಮರ್ಯಾದೆ ಎಂದು ಫುಟ್‌ಬಾಲ್ ಬೂಟುಗಳಿಗೆ ಕವಾಯತಿನ ಬೂಟಿಗೆ ಹಾಕುವ ಹಾಗೆ ಪಾಲಿಶ್ ಹಾಕಿ, ಉಜ್ಜಿ, ಕನ್ನಡಿ ಮಾಡಿದರು. ಕೆಸರಿಗಿಳಿಯುವ ಬೂಟುಗಳಿಗೆ! ಮಿಲಿಟರಿಯ ಹುಡುಗರಲ್ಲದೆ ಇನ್ಯಾರು ಹಾಗೆ ಮಾಡುತ್ತಾರೆ? ಅಷ್ಟರಲ್ಲಿ ಹೊತ್ತೂ ಮುಗಿಯಿತು, ಪಾಲಿಶೂ ಮುಗಿಯಿತು. ಗುರುವಾರ ತಪಾಸಣೆಯಲ್ಲಿ ಆರು ಜನರ ಕವಾಯತಿನ ಬೂಟು ಮಂಕಾಗಿದ್ದವು. ಆರು ಜನಕ್ಕೆ ಗೇಟ್ ಬಂದ್.

ಉಳಿದವರು ಎಂಟು. ನಾನು ಮೇಜರನ ಹತ್ತಿರ ಹೋಗಿ ಒಂದು ಸಲ, ಒಂದೇ ಸಲ, ಕೇಳಿಕೊಂಡೆ. ನಿಯಮ ನಿಯಮ, ನೀವೇ ಅದನ್ನು ಚೆನ್ನಾಗಿ ಓದಿದ್ದೀರಲ್ಲ, ಎಂದ. ಸರಿಯಾಗಿಯೇ ಕುಟುಕಿದ. ಹೊರಗೆ ಬಂದಾಗ ಮಿನ್ ನಿಂತಿದ್ದ. ಎಂಟು ಜನ ಏಳಕ್ಕಿಂತ ಹೆಚ್ಚು ಮ್ಯಾಮ್, ಎಂದ. ನನಗೇ ಗಣಿತ ಹೇಳಿಕೊಟ್ಟ.

ಶುಕ್ರವಾರ ಬೆಳಿಗ್ಗೆ ನಮ್ಮವರು ರಜ ಹಾಕಿ ಬಾಡಿಗೆಯ ವ್ಯಾನ್ ತಂದು ಗೇಟಿನ ಮುಂದೆ ನಿಲ್ಲಿಸಿದರು. ಉಸಾಬರಿ ಎನ್ನುತ್ತಿದ್ದವರು ತಾವೇ ಸ್ಟೀರಿಂಗ್ ಹಿಡಿದರು. ಹೊರಡುವಾಗ ಗೇಟಿನೊಳಗಿನ ಆರು ಜನ ಬಂದು, ಹೊಳೆಯುವ ತಮ್ಮ ಫುಟ್‌ಬಾಲ್ ಬೂಟುಗಳನ್ನು ಕಂಬಿಯ ಸಂದಿನಿಂದ ಒಂದೊಂದಾಗಿ ದಾಟಿಸಿದರು. ಶಿಕ್ಷೆ ನಮಗೆ, ಬೂಟುಗಳಿಗಲ್ಲ, ಎಂದ ಒಬ್ಬ. ನನ್ನ ಪಾಠ ಅಷ್ಟಾದರೂ ತಲೆಗೆ ಹತ್ತಿತ್ತು. ಬೂಟುಗಳನ್ನು ಕುಕ್ಕರಿನ ಪಕ್ಕದಲ್ಲಿ ಜೋಡಿಸಿಕೊಂಡೆ.

ಮೆಲ್ಬರ್ನಿನ ಆ ಮೈದಾನ ಈಗ ನಾವಿರುವ ಬಾಕ್ಸ್ ಹಿಲ್‌ನಿಂದ ಬಹಳ ದೂರವೇನಲ್ಲ. ಆ ಶನಿವಾರ ಸಣ್ಣ ಮಳೆ, ಮುಖಕ್ಕೆ ಬಡಿಯುವ ಗಾಳಿ. ಅವರ ಕೋಚ್ ಒಳ್ಳೆಯ ಮನುಷ್ಯ. ನಮ್ಮ ಎಂಟು ಜನರನ್ನು ನೋಡಿ, ಬೇಕಾದರೆ ನಮ್ಮಲ್ಲಿ ಇಬ್ಬರನ್ನು ಸಾಲ ಕೊಡುತ್ತೇವೆ ಎಂದ. ಮಿನ್ ಗೆರೆಯ ಹೊರಗೆ ಬೆಂಚಿನ ಕೆಳಗೆ ಸಾಲಾಗಿಟ್ಟಿದ್ದ ಆರು ಜೊತೆ ಬೂಟುಗಳ ಕಡೆ ಕೈ ತೋರಿಸಿದ. "ಥ್ಯಾಂಕ್ಸ್, ನಮ್ಮ ಜನ ಇದ್ದಾರೆ," ಎಂದ. ಕೋಚ್ ಬೂಟುಗಳನ್ನು ನೋಡಿದ, ನನ್ನನ್ನು ನೋಡಿದ, ಮತ್ತೆ ಕೇಳಲಿಲ್ಲ.

ಎಂಟು ಜನ ಹನ್ನೊಂದು ಜನರ ವಿರುದ್ಧ ಆಡುವುದನ್ನು ನೀವು ನೋಡಿದ್ದೀರಾ? ನೋಡಬೇಡಿ. ಗೋಲಿನ ಮೇಲೆ ಗೋಲು ಬಿದ್ದವು. ಎಷ್ಟು ಎಂದು ಕೇಳಬೇಡಿ. ಜೀವನವಿಡೀ ಲೆಕ್ಕ ಕಲಿಸಿದ ನಾನು ಆ ಲೆಕ್ಕವೊಂದನ್ನು ಇಟ್ಟಿಲ್ಲ, ಇಡುವುದೂ ಇಲ್ಲ. ಅರ್ಧಕ್ಕೆ ಮೊದಲೇ ಒಬ್ಬನ ಪಾದ ಉಳುಕಿ ಅವನನ್ನು ಹೊತ್ತು ತಂದರು. ಈಗ ಏಳು. ಸ್ಟಾವ್ರೊನ ಬೆರಳು ಸೊಟ್ಟಗಾಯಿತು. ಅವನು ಅದನ್ನು ತಾನೇ ಎಳೆದು ಪಕ್ಕದ ಬೆರಳಿಗೆ ಕಟ್ಟಿಸಿಕೊಂಡು ಮತ್ತೆ ಹೋಗಿ ನಿಂತ. ಇನ್ನೊಬ್ಬ ಬಿದ್ದರೆ ಮುಗಿಯಿತು. ಪಂದ್ಯ ಮಾತ್ರವಲ್ಲ, ತಂಡವೇ.

ಕೊನೆಯ ಭಾಗದಲ್ಲಿ ಮಿನ್ ಬಿದ್ದ. ಗೆರೆಯ ಹತ್ತಿರವೇ, ನನ್ನ ಮುಂದೆಯೇ. ಎರಡೂ ಕಾಲಿನ ಮೀನಖಂಡ ಕಲ್ಲಿನ ಹಾಗೆ ಗಟ್ಟಿಯಾಗಿ ಎಳೆದುಕೊಂಡಿದ್ದವು. ರೆಫರಿ ಬಂದು, ಇವನು ಹೊರಗೆ ಹೋದರೆ ನಾನು ಆಟ ನಿಲ್ಲಿಸಬೇಕಾಗುತ್ತದೆ, ನಿಲ್ಲಿಸಲೇ ಎಂದು ಮೆಲ್ಲಗೆ ಕೇಳಿದ. ನಾನು ಕೆಸರಿನಲ್ಲಿ ಮಂಡಿಯೂರಿದೆ. ಪರ್ಸಿನಲ್ಲಿ ನಮ್ಮಮ್ಮ ಊರಿನಿಂದ ಕಳಿಸಿದ್ದ ನೀಲಗಿರಿ ಎಣ್ಣೆಯ ಬಾಟಲಿ ಇತ್ತು. ಅದನ್ನು ಪೂರ್ತಿ ಸುರಿದು ಅವನ ಕಾಲುಗಳನ್ನು ತಿಕ್ಕಿದೆ. ನಮ್ಮತ್ತೆ ಇದ್ದಿದ್ದರೆ ಎಚ್ಚರ ತಪ್ಪುತ್ತಿದ್ದರು. ಸೆರಗು ಜಾರಿ ಕೆಸರಿಗೆ ಬಿತ್ತು. ನಮ್ಮವರು ಬಂದು ಅದನ್ನೆತ್ತಿ ನನ್ನ ಹೆಗಲಿಗೆ ಹಾಕಿ, ತಾವೂ ಬಗ್ಗಿ ಇನ್ನೊಂದು ಕಾಲು ಹಿಡಿದುಕೊಂಡರು. ಮಿನ್‌ನ ಕಣ್ಣಲ್ಲಿ ನೀರಿತ್ತು. ನೋವಿಗಲ್ಲ. ಆಗೋದಿಲ್ಲ ಮ್ಯಾಮ್, ಓಡಲಾರೆ, ಎಂದ. ನನಗೆ ಇಂಗ್ಲಿಷ್ ಎಲ್ಲ ಮರೆತುಹೋಯಿತು.

"ಯಾರೋ ನಿನ್ನ ಓಡು ಅಂದಿದ್ದು? ಓಡ್ಬೇಡ. ಒಳಗಡೆ ನಿಂತ್ಕೊ. ನಿಂತ್ಕೊಂಡ್ರೆ ಸಾಕು," ಎಂದೆ, ಕನ್ನಡದಲ್ಲೇ.

ಏನು ಅರ್ಥವಾಯಿತೋ. ನನ್ನ ಹೆಗಲು ಹಿಡಿದು ಎದ್ದ. ಗೆರೆ ದಾಟಿ ಎರಡು ಹೆಜ್ಜೆ ಒಳಗೆ ಹೋಗಿ ನಿಂತ. ಕೊನೆಯ ಸೀಟಿ ಊದುವವರೆಗೂ ಅಲ್ಲೇ ನಿಂತಿದ್ದ. ಚೆಂಡು ಅವನ ಪಕ್ಕದಲ್ಲೇ ಹಾದುಹೋದರೂ ಕದಲಲಿಲ್ಲ. ಆಚೆಯವರು ಗೋಲು ಹೊಡೆಯುತ್ತಲೇ ಇದ್ದರು, ನಾವು ಏಳು ಜನ ನಿಂತೇ ಇದ್ದೆವು. ಏಳು ಜನ ಎನ್ನುವಾಗ ನಾನು ನನ್ನನ್ನು ಸೇರಿಸಿಕೊಂಡಿಲ್ಲ, ಆದರೂ ನಾವು ಎನ್ನದೆ ಇರಲಾರೆ.

ಸೀಟಿ ಕೇಳಿತು. ಸೀಸನ್ ಮುಗಿಯಿತು. ಯಾವ ಪಂದ್ಯವನ್ನೂ ಬಿಟ್ಟುಕೊಡದೆ ಮುಗಿಯಿತು.

ಆಮೇಲೆ ಎರಡೂ ಕಡೆಯವರು ಪುಳಿಯೋಗರೆ ತಿಂದರು. ತಂಡದ ಫೋಟೊಗಳಲ್ಲಿ ನಡುವೆ ಒಂದು ಚೆಂಡಿಟ್ಟು ಅದರ ಮೇಲೆ ವರ್ಷ ಬರೆಯುತ್ತಾರಲ್ಲ, ನಮ್ಮ ಚೆಂಡು ಒದ್ದೆಯಾಗಿತ್ತು, ಬರಹ ಹತ್ತಲಿಲ್ಲ. ಮಿನ್ ನನ್ನ ಪರ್ಸಿನಲ್ಲಿದ್ದ ಸೀಮೆಸುಣ್ಣ ಕೇಳಿ ಪಡೆದು ಖಾಲಿ ಕುಕ್ಕರನ್ನು ಒರೆಸಿ ಅದರ ಮೇಲೆ ಬರೆದ. ಮುಂದಿನ ಸಾಲಿನಲ್ಲಿ ಆರು ಜೊತೆ ಖಾಲಿ ಬೂಟು. ಅಷ್ಟೂ ಜನರಲ್ಲಿ ಹೊಳೆಯುತ್ತಿದ್ದವು ಅವೇ. ನಮ್ಮವರು ಕ್ಯಾಮೆರಾ ಹಿಡಿದು, ನಗ್ರೋ ಎಂದರು. ಯಾರೂ ನಗಲಿಲ್ಲ. ಫೋಟೊದಲ್ಲಿ ನಾವೆಲ್ಲ ಯಾರೊಂದಿಗೋ ಜಗಳಕ್ಕೆ ನಿಂತವರ ಹಾಗಿದ್ದೇವೆ.

ಕಮಾಂಡೆಂಟ್ ಮಾತು ಉಳಿಸಿಕೊಂಡರು. ತಂಡ ಉಳಿಯಿತು, ಮುಂದಿನ ವರ್ಷ ಅದಕ್ಕೆ ನಿಜವಾದ ಕೋಚ್ ಒಬ್ಬ ಬಂದ. ಕಾಲೇಜಿನ ಫೋಟೊಗ್ರಾಫರ್ ತಂಡಗಳ ಚಿತ್ರ ತೆಗೆದು ಹೋದ ದಿನ ನಮ್ಮ ಸೀಸನ್ ಮುಗಿದಿರಲಿಲ್ಲವಾದ್ದರಿಂದ ನಮ್ಮದು ತೆಗೆದಿರಲಿಲ್ಲ. ನಾನು ಈ ಫೋಟೊವನ್ನೇ ಕಟ್ಟು ಹಾಕಿಸಿ ಮೇಜರನ ಮೇಜಿನ ಮೇಲಿಟ್ಟೆ. ಅವನು ಬಹಳ ಹೊತ್ತು ನೋಡಿದ. "ಇದು ತಂಡದ ಫೋಟೊ ಅಲ್ಲ ಮ್ಯಾಡಂ, ಪಿಕ್ನಿಕ್ ಫೋಟೊ," ಎಂದು ಹಿಂದಕ್ಕೆ ಸರಿಸಿದ. ಆಗ ನಾನು ವಾದ ಮಾಡಲಿಲ್ಲ. ತಂಡ ಉಳಿಯಿತಲ್ಲ, ಫೋಟೊ ಮನೆಯಲ್ಲಿದ್ದರೇನು ಎಂದುಕೊಂಡು ಕಂಕುಳಲ್ಲಿ ಇಟ್ಟುಕೊಂಡು ಟ್ರೇನ್ ಹತ್ತಿದೆ. ಆಮೇಲೆ ನಮ್ಮವರಿಗೆ ಮೆಲ್ಬರ್ನಿನಲ್ಲಿ ಕೆಲಸವಾಯಿತು, ಫೋಟೊ ನಮ್ಮ ಜೊತೆಯೇ ಬಂತು.

ಇಷ್ಟನ್ನೂ ನೆನೆದುಕೊಂಡು ನಾನು ಇವತ್ತು ಬೆಳಿಗ್ಗೆ ಸೋಫಾ ಹತ್ತಿ ಅದನ್ನು ಗೋಡೆಯಿಂದ ಇಳಿಸಿದೆ. ಹಿಂದಿನ ಗೋಡೆ ಚೌಕಾಕಾರವಾಗಿ ಬೆಳ್ಳಗೆ ಉಳಿದಿತ್ತು. ಅಲ್ಲಿ ಆ ಹೊಸ ಹಾಲ್‌ನಲ್ಲಿ ನಮ್ಮ ನಂತರ ಬಂದ ತಂಡಗಳೆಲ್ಲ ನಗುತ್ತ ನಿಂತಿವೆ. ಅವರೆಲ್ಲ ನಿಂತಿರುವುದು ಮಿನ್ ಆ ದಿನ ನಿಂತಿದ್ದರಿಂದ. ಅವರಿಗೆ ಅದು ಗೊತ್ತಿಲ್ಲದಿದ್ದರೆ ತೊಂದರೆಯಿಲ್ಲ. ನಾವು ಇರಲೇ ಇಲ್ಲ ಎನ್ನುವುದನ್ನು ಮಾತ್ರ ನಾನು ಸಹಿಸುವುದಿಲ್ಲ. ಇಷ್ಟು ವರ್ಷ ಅದನ್ನು ನಮ್ಮ ಹಾಲ್‌ಗೆ ಅಂದ ಎಂದುಕೊಂಡಿದ್ದೆ. ಅದರ ಜಾಗ ಇದಲ್ಲ, ಸಿಡ್ನಿಯ ಆ ಸಾಲಿನಲ್ಲಿ.

ಫೋಟೊವನ್ನು ಹಳೆಯ ರೇಷ್ಮೆ ಸೀರೆಯಲ್ಲಿ ಸುತ್ತಿ ಸೂಟ್‌ಕೇಸಿನಲ್ಲಿಟ್ಟೆ. ಕುಕ್ಕರನ್ನೂ ಇಟ್ಟೆ. ಹಳೆಯ ಹುಡುಗರೆಲ್ಲ ಬರುತ್ತಾರಂತೆ, ಅವರಿಗೆ ಯಾವತ್ತೂ ಆಟ ಮುಗಿದ ಮೇಲೆಯೇ ಊಟ ಸಿಗುತ್ತಿತ್ತು. ಈ ಸಲ ಮೊದಲೇ ಬಡಿಸಬೇಕು. ಆಮೇಲೆ ಗ್ಯಾರೇಜಿನಿಂದ ಸುತ್ತಿಗೆ ತಂದೆ, ಒಂದು ಮೊಳೆ ತಂದೆ. ನಮ್ಮವರು ಎಣ್ಣೆಯ ಕೈ ಒರೆಸಿಕೊಳ್ಳುತ್ತ ಬಾಗಿಲಲ್ಲಿ ನಿಂತು ನೋಡುತ್ತಿದ್ದರು. ಸುಪ್ರಭಾತ ಶುರುವಾಗುತ್ತದೆ ಎಂದುಕೊಂಡು ನಾನು ಉತ್ತರ ಸಿದ್ಧಮಾಡಿಕೊಂಡೆ. ಅವರು ಕುಂಟುತ್ತ ಗ್ಯಾರೇಜಿಗೆ ಹೋಗಿ ಬಂದು ನನ್ನ ಅಂಗೈ ಮೇಲೆ ಏನನ್ನೋ ಇಟ್ಟರು.

"ಒಂದು ಮೊಳೆ ಸಾಲಲ್ಲ ಕಣೆ," ಎಂದರು. "ಎರಡು ಇಟ್ಕೊ. ಫ್ರೇಮ್ ಭಾರ ಇದೆ."